ಮಹಡಿ ಮನೆಗಳಲ್ಲಿ ಬೆಕ್ಕಿನ ಮರಿಗಳಿಗೆ ಮಲಮೂತ್ರ ವಿಸರ್ಜನೆಯ ಅಭ್ಯಾಸ ಮಾಡಿಸುವ ಕುರಿತು ಸಾರ್ವಜನಿಕರಿಗೆ ಮಾಹಿತಿ

ವಿಜಯಪುರ ಜಿಲ್ಲೆಯ ಇಂಡಿ, ಸಿಂದಗಿ, ಮುದ್ದೇಬಿಹಾಳ ಹಾಗೂ ಬಸವನ ಬಾಗೇವಾಡಿ ಭಾಗಗಳಲ್ಲಿ ಬೆಕ್ಕು ಸಾಕಣೆಯು ಹೊಸ ಸಂಗತಿಯಲ್ಲ. ಜೋಳ, ಕಡಲೆ, ತೊಗರಿ ಮುಂತಾದ ಧಾನ್ಯಗಳನ್ನು ಮನೆಯಲ್ಲಿಯೇ ಸಂಗ್ರಹಿಸಿಡುವ ರೂಢಿಯಿರುವ ಈ ಪ್ರದೇಶದಲ್ಲಿ ಇಲಿಗಳ ಹಾವಳಿಯನ್ನು ತಡೆಯಲು ಬೆಕ್ಕು ಪ್ರತಿ ಮನೆಗೂ ಬೇಕಾದ ಪ್ರಾಣಿಯಾಗಿತ್ತು. ಹಳೆಯ ಮಾಳಿಗೆ ಮನೆಗಳಿಗೆ ಹಿತ್ತಲು, ದನದ ಕೊಟ್ಟಿಗೆ, ತಿಪ್ಪೆಗುಂಡಿ ಮತ್ತು ಅವುಗಳಾಚೆಗೆ ಹೊಲ ಇರುತ್ತಿದ್ದುದರಿಂದ ಬೆಕ್ಕಿನ ಮಲಮೂತ್ರದ ವ್ಯವಸ್ಥೆಯ ಬಗ್ಗೆ ಮನೆಯವರು ಯೋಚಿಸುವ ಪ್ರಸಂಗವೇ ಬರುತ್ತಿರಲಿಲ್ಲ. ಬೆಕ್ಕು ತಾನಾಗಿಯೇ ಸಡಿಲ ಮಣ್ಣನ್ನು ಹುಡುಕಿ, ಕೆರೆದು, ಮುಚ್ಚಿ ಬರುತ್ತಿತ್ತು.

ಈಗ ತಾಲ್ಲೂಕು ಕೇಂದ್ರಗಳಲ್ಲಿಯೂ, ಇವುಗಳಿಂದ ಬೇರ್ಪಟ್ಟು ಹೊಸ ತಾಲ್ಲೂಕುಗಳಾದ ಚಡಚಣ, ಆಲಮೇಲ, ದೇವರ ಹಿಪ್ಪರಗಿ, ತಾಳಿಕೋಟೆ, ನಿಡಗುಂದಿ, ಕೊಲ್ಹಾರ ಪಟ್ಟಣಗಳಲ್ಲಿಯೂ ಎರಡು ಅಥವಾ ಮೂರು ಅಂತಸ್ತಿನ ಆರ್.ಸಿ.ಸಿ. ಮನೆಗಳು ಸಾಮಾನ್ಯವಾಗಿವೆ. ಕೆಳಗೆ ಅಂಗಡಿ ಅಥವಾ ಬಾಡಿಗೆದಾರರು, ಮೇಲೆ ಮನೆಯ ಮಾಲೀಕರು ಎಂಬ ವ್ಯವಸ್ಥೆ ಹೆಚ್ಚು. ಅಂಗಳಕ್ಕೆ ಫರಸಿ ಅಥವಾ ಕಾಂಕ್ರೀಟು ಹಾಸಿರುವುದರಿಂದ ಇಂತಹ ಮನೆಯಲ್ಲಿ ಹುಟ್ಟಿದ ಅಥವಾ ತಂದು ಬಿಟ್ಟ ಮರಿಗೆ ಕೆರೆಯಲು ಒಂದು ಹಿಡಿ ಮಣ್ಣೂ ಸಿಗುವುದಿಲ್ಲ. ಅದು ಮಂಚದ ಕೆಳಗೆ, ಹಾಸಿಗೆಯ ರಾಶಿಯ ಮೇಲೆ, ಧಾನ್ಯದ ಚೀಲಗಳ ಸಂದಿಯಲ್ಲಿ ಅಥವಾ ಮೆಟ್ಟಿಲ ಮೂಲೆಯಲ್ಲಿ ಗಲೀಜು ಮಾಡುತ್ತದೆ. ಕೆಲವೇ ದಿನಗಳಲ್ಲಿ ಮನೆಯವರ ತಾಳ್ಮೆ ಮುಗಿದು, ಮರಿಯನ್ನು ಗೋಣಿಚೀಲದಲ್ಲಿ ತುಂಬಿ ಊರ ಹೊರಗೆ ಬಿಟ್ಟು ಬರುವುದು ಕಂಡುಬರುತ್ತದೆ. ಎರಡು ಮೂರು ತಿಂಗಳ ಮರಿಯು ಬಯಲಿನಲ್ಲಿ ಬದುಕಿ ಉಳಿಯುವ ಸಂಭವ ಬಹಳ ಕಡಿಮೆ. ಹಸಿವು, ಬಾಯಾರಿಕೆಗಳಿಂದ ನರಳುವ ಸಂಭವವಿರುವ ಸ್ಥಿತಿಯಲ್ಲಿ ಯಾವುದೇ ಪ್ರಾಣಿಯನ್ನು ಸಕಾರಣವಿಲ್ಲದೆ ತೊರೆಯುವುದು ಪ್ರಾಣಿಗಳ ಮೇಲಿನ ಕ್ರೌರ್ಯ ತಡೆ ಅಧಿನಿಯಮ, 1960ರ 11ನೇ ಕಲಮಿನ ಅಡಿ ಅಪರಾಧವಾಗಿರುತ್ತದೆ. ಸರಿಯಾದ ಕ್ರಮದಲ್ಲಿ ಕೆಲವು ವಾರ ಅಭ್ಯಾಸ ಮಾಡಿಸಿದಲ್ಲಿ ಬಹುತೇಕ ಮರಿಗಳು ಒಂದು ನಿಗದಿತ ತಟ್ಟೆಯನ್ನೇ ಬಳಸುವುದರಿಂದ, ಈ ಕುರಿತು ತಿಳಿದಿರಬೇಕಾದ ಅಂಶಗಳನ್ನು ಇಲ್ಲಿ ವಿವರಿಸಲಾಗಿದೆ.

ಸ್ವಭಾವದ ಹಿನ್ನೆಲೆ

ಸಾಕು ಬೆಕ್ಕಿನ ಮೂಲವು ಪಶ್ಚಿಮ ಏಷ್ಯಾ ಮತ್ತು ಉತ್ತರ ಆಫ್ರಿಕಾದ ಒಣ ಪ್ರದೇಶದ ಕಾಡುಬೆಕ್ಕು. ಮರಳು, ಸಡಿಲ ಮಣ್ಣುಗಳಲ್ಲಿ ಮಲವನ್ನು ಹೂಳುವ ಗುಣ ಅದಕ್ಕೆ ಹುಟ್ಟಿನಿಂದಲೇ ಬಂದಿದೆ. ಆದ್ದರಿಂದ ನಾಯಿಗೆ ಕಲಿಸುವಂತೆ ಬೆಕ್ಕಿಗೆ ಹೊಸದಾಗಿ ಕಲಿಸುವುದೇನೂ ಇರುವುದಿಲ್ಲ. ಅದು ಹುಡುಕುವ ವಸ್ತುವನ್ನು ಅದಕ್ಕೆ ಸಿಗುವ ಸ್ಥಳದಲ್ಲಿ ಒದಗಿಸುವುದಷ್ಟೇ ಮನೆಯವರ ಕೆಲಸ.

ಹುಟ್ಟಿದ ಮೊದಲ ಸುಮಾರು ಮೂರು ವಾರ ಮರಿಗಳು ಸ್ವತಃ ವಿಸರ್ಜನೆ ಮಾಡಲಾರವು. ತಾಯಿ ಬೆಕ್ಕು ನೆಕ್ಕಿ ಪ್ರಚೋದಿಸಿ, ತಾನೇ ಸ್ವಚ್ಛಗೊಳಿಸುತ್ತದೆ. ತಾಯಿಯನ್ನು ಕಳೆದುಕೊಂಡ ಮರಿಗಳಿಗೆ ಪ್ರತಿ ಬಾರಿ ಹಾಲುಣಿಸಿದ ನಂತರ ಉಗುರುಬೆಚ್ಚಗಿನ ನೀರಿನಲ್ಲಿ ಅದ್ದಿ ಹಿಂಡಿದ ಮೆತ್ತನೆಯ ಬಟ್ಟೆಯಿಂದ ಹಿಂಭಾಗವನ್ನು ಮೃದುವಾಗಿ ಒರೆಸಿ ಈ ಕಾರ್ಯವನ್ನು ಮನುಷ್ಯರೇ ಮಾಡಬೇಕಾಗುತ್ತದೆ. ಇದನ್ನು ಮಾಡದಿದ್ದಲ್ಲಿ ಮರಿಯು ಹಾಲು ಕುಡಿಯುತ್ತಿದ್ದರೂ ಹೊಟ್ಟೆಯುಬ್ಬರದಿಂದ ಸಾಯುವ ಅಪಾಯವಿದೆ. ಮೂರರಿಂದ ನಾಲ್ಕನೇ ವಾರದಲ್ಲಿ ಮರಿಯು ನೆಲವನ್ನು ಕೆರೆಯಲು ಆರಂಭಿಸುತ್ತದೆ. ಅಭ್ಯಾಸಕ್ಕೆ ತಟ್ಟೆಯಿಡಲು ಇದೇ ಸೂಕ್ತ ಕಾಲ. ತಾಯಿಯ ಜೊತೆಯಲ್ಲಿರುವ ಮರಿಗಳು ತಾಯಿಯನ್ನು ನೋಡಿ ಬೇಗ ಕಲಿಯುವುದರಿಂದ, ಎಂಟು ವಾರ ತುಂಬುವ ಮುಂಚೆ ಮರಿಯನ್ನು ಬೇರ್ಪಡಿಸಿ ಕೊಡುವುದು ಸೂಕ್ತವಲ್ಲ.

ತಟ್ಟೆ ಮತ್ತು ಅದರಲ್ಲಿ ತುಂಬುವ ವಸ್ತು

ಮರಿಗೆ ಮೊದಲು ಬೇಕಾದುದು ತಗ್ಗು ಅಂಚಿನ ತಟ್ಟೆ. ಹಳೆಯ ಪರಾತ, ಪ್ಲಾಸ್ಟಿಕ್ ಟ್ರೇ, ಇಲ್ಲವೇ ಒಂದು ಬದಿಯನ್ನು ಕತ್ತರಿಸಿ ಅಂಚನ್ನು ಉಜ್ಜಿದ ಟಬ್ಬು ಸಾಕು. ಅಂಚು ನಾಲ್ಕು ಬೆರಳಿಗಿಂತ ಎತ್ತರವಿದ್ದರೆ ಚಿಕ್ಕ ಮರಿ ಹತ್ತಲಾರದು. ಬೆಕ್ಕು ಬೆಳೆದ ಮೇಲೆ ಅದರ ದೇಹದ ಉದ್ದದ ಒಂದೂವರೆ ಪಟ್ಟು ಉದ್ದದ ತಟ್ಟೆಯನ್ನು ಇಡತಕ್ಕದ್ದು. ತುಂಬುವ ವಸ್ತುವಿನ ದಪ್ಪ ಸುಮಾರು ಎರಡು ಅಂಗುಲ, ಅಂದರೆ 5 ಸೆಂಟಿಮೀಟರ್ ಇರಬೇಕು.

ಇಂದು ಪ್ಯಾಕೆಟ್‌ಗಳಲ್ಲಿ ಮಾರಾಟವಾಗುವ ಬೆಕ್ಕಿನ ಮಣ್ಣು ಹಳೆಯ ವಸ್ತುವೇನಲ್ಲ. ಅಮೆರಿಕದಲ್ಲಿಯೂ ಹಿಂದೆ ಮರಳು, ಬೂದಿಗಳೇ ಬಳಕೆಯಲ್ಲಿದ್ದವು. 1947ರಲ್ಲಿ ಮಿಷಿಗನ್ ರಾಜ್ಯದ ಎಡ್ವರ್ಡ್ ಲೋ ಎಂಬುವರು ಒಣಗಿಸಿದ ಜೇಡಿಮಣ್ಣಿನ ಹರಳುಗಳನ್ನು ಈ ಉದ್ದೇಶಕ್ಕೆ ಮಾರಾಟ ಮಾಡಲು ತೊಡಗಿದ ಮೇಲೆ ಇದು ಒಂದು ಉದ್ಯಮವಾಗಿ ಬೆಳೆಯಿತು. ಆನಂತರ, 1980ರ ದಶಕದಲ್ಲಿ, ಒದ್ದೆಯಾದೊಡನೆ ಉಂಡೆಕಟ್ಟುವ ಬೆಂಟೊನೈಟ್ ಮಣ್ಣಿನ ಬಳಕೆ ಬಂತು. ಬೆಂಟೊನೈಟಿನ ಮುಖ್ಯ ಖನಿಜವಾದ ಮಾಂಟ್‌ಮೊರಿಲೊನೈಟ್ ಈ ಜಿಲ್ಲೆಯ ಎರೆಮಣ್ಣಿನಲ್ಲಿಯೂ ಇದೆ. ಮಳೆಗಾಲದಲ್ಲಿ ಎರೆಹೊಲ ಉಬ್ಬಿ ಅಂಟುವುದಕ್ಕೂ ಬೇಸಿಗೆಯಲ್ಲಿ ಕಾಲು ಹೂತುಹೋಗುವಷ್ಟು ಬಿರುಕು ಬಿಡುವುದಕ್ಕೂ ಇದೇ ಖನಿಜ ಕಾರಣ. ಹಾಗೆಂದು ಹೊಲದ ಎರೆಮಣ್ಣನ್ನೇ ತಟ್ಟೆಗೆ ತುಂಬುವುದು ಪ್ರಯೋಜನಕಾರಿಯಲ್ಲ. ಒದ್ದೆಯಾದಾಗ ಅದು ಪಾದಗಳಿಗೆ ಮೆತ್ತಿಕೊಂಡು ಮೂರೂ ಅಂತಸ್ತುಗಳ ಫರಸಿಯ ಮೇಲೆ ಹೆಜ್ಜೆ ಮೂಡಿಸುತ್ತದೆ.

ಉಂಡೆಕಟ್ಟುವ ಪ್ಯಾಕೆಟ್ ಮಣ್ಣನ್ನು ಮೂರರಿಂದ ನಾಲ್ಕು ತಿಂಗಳ ಒಳಗಿನ ಮರಿಗಳಿಗೆ ಬಳಸಬಾರದು. ಈ ವಯಸ್ಸಿನ ಮರಿಗಳು ಕಂಡದ್ದನ್ನೆಲ್ಲ ಬಾಯಿಗೆ ಹಾಕಿಕೊಳ್ಳುತ್ತವೆ. ನುಂಗಿದ ಮಣ್ಣು ಕರುಳಿನಲ್ಲಿ ಉಬ್ಬಿ ಗಟ್ಟಿಯಾಗುವ ಅಪಾಯವಿದೆ. ಸುವಾಸನೆ ಬೆರೆಸಿದ ಮಣ್ಣು ಮನುಷ್ಯರಿಗೆ ಹಿತವೆನಿಸಿದರೂ ಬೆಕ್ಕಿಗೆ ಒಗ್ಗುವುದಿಲ್ಲ.

ಸ್ಥಳೀಯವಾಗಿ ಸಿಗುವ ವಸ್ತುಗಳಲ್ಲಿ ಜರಡಿ ಹಿಡಿದು ಎರಡು ದಿನ ಬಿಸಿಲಿನಲ್ಲಿ ಒಣಗಿಸಿದ ಮರಳು ಅತ್ಯಂತ ಸೂಕ್ತ. ಮನೆ ಕಟ್ಟಲು ತಂದ ಮರಳಿನಿಂದ ತೆಗೆದುಕೊಳ್ಳುವುದಾದಲ್ಲಿ ಸಿಮೆಂಟು ಬೆರೆತಿಲ್ಲವೆಂದು ಖಚಿತಪಡಿಸಿಕೊಳ್ಳಬೇಕು. ಎಂ-ಸ್ಯಾಂಡ್ ಆದಲ್ಲಿ ಅದರ ನಯವಾದ ಪುಡಿಯನ್ನು ತೊಳೆದು ತೆಗೆಯಬೇಕು. ಬಡಗಿಗಳಲ್ಲಿ ದೊರೆಯುವ ಕಟ್ಟಿಗೆಯ ಹೊಟ್ಟು ಸಹ ಆಗಬಹುದು, ಆದರೆ ಪ್ಲೈವುಡ್ ಅಥವಾ ಪಾಲಿಶ್ ಮಾಡಿದ ಕಟ್ಟಿಗೆಯದು ಬೇಡ. ಶೇಂಗಾ ಸಿಪ್ಪೆಯು ನೀರನ್ನು ಬೇಗ ಹೀರುವುದಿಲ್ಲ, ಒದ್ದೆಯಾಗಿ ಉಳಿದಲ್ಲಿ ಬೂಷ್ಟು ಹಿಡಿಯುತ್ತದೆ. ಹಿರಿಯರು ಬಳಸುತ್ತಿದ್ದ ಒಲೆಯ ಬೂದಿಯ ಬಗ್ಗೆ ಎಚ್ಚರ ಅವಶ್ಯಕ. ಬೂದಿಯು ಒದ್ದೆಯಾದಾಗ ಕ್ಷಾರವಾಗಿ ಮರಿಯ ಎಳೆಯ ಪಾದಗಳನ್ನು ಸುಡುತ್ತದೆ, ಅದೇ ಪಾದವನ್ನು ಮರಿ ನೆಕ್ಕುತ್ತದೆ. ಅದರಲ್ಲಿ ಕೆಂಡ ಉಳಿದಿರುವ ಭಯವೂ ಇದೆ. ದೊಡ್ಡ ಬೆಕ್ಕಿಗೆ ಹೇಗೋ ನಡೆದೀತು, ಮರಿಗಳಿಗೆ ಬೂದಿಯನ್ನು ಬಳಸದಿರುವುದೇ ಲೇಸು.

ವೆಚ್ಚದ ದೃಷ್ಟಿಯಿಂದಲೂ ಇದನ್ನು ಪರಿಶೀಲಿಸಬಹುದು. 40 ಸೆಂಟಿಮೀಟರ್ ಉದ್ದ, 30 ಸೆಂಟಿಮೀಟರ್ ಅಗಲದ ತಟ್ಟೆಗೆ 5 ಸೆಂಟಿಮೀಟರ್ ದಪ್ಪ ತುಂಬಲು 6 ಲೀಟರ್ ವಸ್ತು ಬೇಕಾಗುತ್ತದೆ. ಮೂರು ಅಂತಸ್ತಿಗೆ ಮೂರು ತಟ್ಟೆಗಳೆಂದರೆ 18 ಲೀಟರ್. ವಾರಕ್ಕೊಮ್ಮೆ ಪೂರ್ತಿ ಬದಲಾಯಿಸಿದಲ್ಲಿ ನಾಲ್ಕು ವಾರಕ್ಕೆ 72 ಲೀಟರ್ ಆಗುತ್ತದೆ. ಇಷ್ಟನ್ನು ಪ್ಯಾಕೆಟ್ ರೂಪದಲ್ಲಿ ಖರೀದಿಸುವುದು ಸಾಮಾನ್ಯ ಕುಟುಂಬಕ್ಕೆ ಹೊರೆ. ಮರಳಾದರೆ ತೂಕದ ತೊಂದರೆ: ಒಂದು ತಟ್ಟೆಯ ಮರಳೇ ಸುಮಾರು 9 ಕಿಲೋ ತೂಗುವುದರಿಂದ ವಯಸ್ಸಾದವರು ಅದನ್ನು ಹೊತ್ತು ಮೆಟ್ಟಿಲು ಹತ್ತುವುದು ಕಷ್ಟ. ಆದ್ದರಿಂದ ನೆಲ ಅಂತಸ್ತಿನಲ್ಲಿ ಮರಳು, ಮೇಲಿನ ಅಂತಸ್ತುಗಳಲ್ಲಿ ಹಗುರವಾದ ಹೊಟ್ಟು ಬಳಸುವ ಆಲೋಚನೆ ಬರುವುದು ಸಹಜ. ಆದರೆ ಮರಿಯು ಕಲಿಯುವ ಅವಧಿಯಲ್ಲಿ ಎಲ್ಲ ತಟ್ಟೆಗಳಲ್ಲಿಯೂ ಒಂದೇ ವಸ್ತು ಇರಬೇಕು. ಬೆಕ್ಕು ಸ್ಥಳಕ್ಕಿಂತ ಪಾದಕ್ಕೆ ತಗಲುವ ಸ್ಪರ್ಶವನ್ನು ಹೆಚ್ಚು ನೆನಪಿಡುತ್ತದೆ. ಎಲ್ಲ ಕಡೆ ಹೊಟ್ಟನ್ನೇ ಬಳಸುವುದು ಇದಕ್ಕೆ ಸುಲಭ ಪರಿಹಾರ.

ಅಂತಸ್ತುಗಳಿಗೆ ಹೊಂದಿಸುವ ಕ್ರಮ

ಮಹಡಿ ಮನೆಗಳಲ್ಲಿ ಅಭ್ಯಾಸ ವಿಫಲವಾಗಲು ಮುಖ್ಯ ಕಾರಣ, ಮರಿಯನ್ನು ತಂದ ದಿನವೇ ಇಡೀ ಮನೆಯಲ್ಲಿ ಬಿಡುವುದು. ಮರಿಯ ಮೂತ್ರಕೋಶ ಚಿಕ್ಕದು. ಎರಡನೇ ಅಂತಸ್ತಿನಲ್ಲಿ ಆಡುತ್ತಿರುವಾಗ ಅವಸರವಾದಲ್ಲಿ ಕೆಳಗಿನ ತಟ್ಟೆಯನ್ನು ನೆನಪಿಸಿಕೊಂಡು ಇಳಿದು ಬರುವಷ್ಟು ಸಮಯ ಅದಕ್ಕಿರುವುದಿಲ್ಲ. ಮೇಲಾಗಿ ಎಳೆಯ ಮರಿಯು ಮೆಟ್ಟಿಲನ್ನು ಹತ್ತುವಷ್ಟು ಸುಲಭವಾಗಿ ಇಳಿಯುವುದಿಲ್ಲ. ಇದನ್ನು ಮರಿಯ ಹಟವೆಂದು ಭಾವಿಸುವುದು ತಪ್ಪು.

ಮೊದಲ ವಾರ ಕುಟುಂಬದವರು ಹೆಚ್ಚಾಗಿ ಇರುವ ಅಂತಸ್ತಿನ ಒಂದೇ ಕೋಣೆಯಲ್ಲಿ ಮರಿಯನ್ನು ಇಡಬೇಕು. ಒಂದು ಮೂಲೆಯಲ್ಲಿ ತಟ್ಟೆ, ಅದಕ್ಕೆದುರಿನ ಮೂಲೆಯಲ್ಲಿ ಆಹಾರ ಮತ್ತು ನೀರು. ಉಂಡ ಸ್ಥಳದ ಹತ್ತಿರ ಬೆಕ್ಕು ವಿಸರ್ಜಿಸುವುದಿಲ್ಲ. ಮರಿಯು ನಿದ್ರೆಯಿಂದ ಎದ್ದ ಕೂಡಲೇ, ಆಹಾರ ತಿಂದ ಹತ್ತು ಹದಿನೈದು ನಿಮಿಷಗಳೊಳಗೆ ಹಾಗೂ ಆಟ ಮುಗಿದಾಗ ಅದನ್ನು ಮೆಲ್ಲನೆ ಎತ್ತಿ ತಟ್ಟೆಯಲ್ಲಿ ಬಿಡಬೇಕು. ಅದರ ಮುಂಗಾಲು ಹಿಡಿದು ಬಲವಂತವಾಗಿ ಕೆರೆಸುವುದು ಬೇಡ, ಮರಿ ಹೆದರುತ್ತದೆ. ಬೆರಳಿನಿಂದ ಮರಳನ್ನು ಸ್ವಲ್ಪ ಕೆದಕಿ ತೋರಿಸಿದರೆ ಸಾಕು. ಬೇರೆಡೆ ಗಲೀಜು ಮಾಡಿದ್ದಲ್ಲಿ ಅದರ ಸ್ವಲ್ಪ ಭಾಗವನ್ನು ತಟ್ಟೆಯಲ್ಲಿಡುವುದರಿಂದ ವಾಸನೆಯ ಗುರುತು ಸಿಗುತ್ತದೆ. ಹಳ್ಳಿಯಿಂದ ತಂದ, ಹೊಲದ ಮಣ್ಣಿನ ರೂಢಿಯಿರುವ ಮರಿಗಾದರೆ ಬಿಸಿಲಿನಲ್ಲಿ ಒಣಗಿಸಿದ ಎರೆಮಣ್ಣನ್ನು ಒಂದು ಹಿಡಿಯಷ್ಟು ಮರಳಿನ ಮೇಲೆ ಉದುರಿಸಬಹುದು.

ಸತತವಾಗಿ ಒಂದು ವಾರ ತಪ್ಪಿಲ್ಲದೆ ತಟ್ಟೆಯನ್ನು ಬಳಸಿದ ಮೇಲೆ ಅದೇ ಅಂತಸ್ತಿನ ಉಳಿದ ಕೋಣೆಗಳನ್ನು ತೆರೆಯಬೇಕು. ಆನಂತರ ಮುಂದಿನ ಅಂತಸ್ತು. ಮೆಟ್ಟಿಲ ಬಾಗಿಲನ್ನು ತೆರೆಯುವ ಮೊದಲೇ ಅಲ್ಲಿ ಎರಡನೇ ತಟ್ಟೆಯನ್ನು ಇಟ್ಟಿರಬೇಕು ಮತ್ತು ಮರಿಯನ್ನು ಎತ್ತಿಕೊಂಡು ಹೋಗಿ ತೋರಿಸಬೇಕು. ತಟ್ಟೆಗಳ ಸಂಖ್ಯೆ ಬೆಕ್ಕುಗಳ ಸಂಖ್ಯೆಗಿಂತ ಒಂದು ಹೆಚ್ಚಿರಬೇಕು, ಮತ್ತು ಬೆಕ್ಕು ಓಡಾಡುವ ಪ್ರತಿ ಅಂತಸ್ತಿನಲ್ಲಿ ಕನಿಷ್ಠ ಒಂದು ಇರಬೇಕು ಎಂಬುದು ಪಶುವೈದ್ಯರು ಸಾಮಾನ್ಯವಾಗಿ ನೀಡುವ ಸಲಹೆ. ಎರಡು ತಟ್ಟೆಗಳನ್ನು ಪಕ್ಕಪಕ್ಕದಲ್ಲಿ ಇಟ್ಟಲ್ಲಿ ಮನೆಯವರ ಲೆಕ್ಕದಲ್ಲಿ ಎರಡಾದರೂ ಬೆಕ್ಕಿನ ಲೆಕ್ಕದಲ್ಲಿ ಒಂದೇ.

ತಟ್ಟೆಯ ಸ್ಥಳವನ್ನು ಬದಲಾಯಿಸಬೇಕಾದಲ್ಲಿ ದಿನಕ್ಕೆ ಒಂದು ಅಡಿಯಷ್ಟು ಮಾತ್ರ ಸರಿಸುತ್ತಾ ಹೋಗಬೇಕು. ಒಂದು ಅಂತಸ್ತಿನಿಂದ ಇನ್ನೊಂದಕ್ಕೆ ಹೀಗೆ ಸರಿಸಲು ಸಾಧ್ಯವಿಲ್ಲ. ಹೊಸ ಸ್ಥಳದಲ್ಲಿ ಹೊಸ ತಟ್ಟೆಯಿಟ್ಟು, ಮರಿಯು ಅದನ್ನು ಬಳಸಲು ಆರಂಭಿಸಿ ಎರಡು ವಾರವಾದ ಮೇಲೆಯೇ ಹಳೆಯದನ್ನು ತೆಗೆಯಬೇಕು.

ನೀರೆತ್ತುವ ಮೋಟಾರು ಅಥವಾ ಬಟ್ಟೆ ತೊಳೆಯುವ ಯಂತ್ರದ ಪಕ್ಕ ತಟ್ಟೆಯಿಡಬಾರದು. ನಳದ ನೀರು ಬಂದಾಗ ಮೋಟಾರು ಒಮ್ಮೆಲೇ ಸದ್ದು ಮಾಡಿದರೆ ಒಳಗಿದ್ದ ಮರಿ ಬೆದರಿ, ಮತ್ತೆ ಆ ಕಡೆಗೆ ಸುಳಿಯದಿರಬಹುದು. ಮೆಟ್ಟಿಲ ಕೆಳಗಿನ ಸ್ಥಳ ಮನೆಯವರಿಗೆ ಅನುಕೂಲ, ಆದರೆ ಅದು ಕತ್ತಲೆಯಿಂದ ಕೂಡಿದ್ದು ಒಂದೇ ದಾರಿಯಿದ್ದಲ್ಲಿ, ಇನ್ನೊಂದು ಬೆಕ್ಕು ಅಥವಾ ನಾಯಿ ಅಡ್ಡಗಟ್ಟುವ ಭಯದಿಂದ ಮರಿ ಅದನ್ನು ಒಪ್ಪದು. ಬಾಲ್ಕನಿಯಲ್ಲಿ ಇಡುವುದಾದರೆ ಜಾಳಿಗೆಯ ಸಂದಿಗಳನ್ನು ಮುಚ್ಚಿರಬೇಕು. ಮಾಳಿಗೆಯ ಮೇಲೆ, ಪತ್ರಾಸಿನ ನೆರಳಿನಲ್ಲಿ ಇಡುವುದು ಈ ಜಿಲ್ಲೆಯಲ್ಲಿ ಸಲ್ಲದು. ಏಪ್ರಿಲ್, ಮೇ ತಿಂಗಳುಗಳಲ್ಲಿ ಉಷ್ಣಾಂಶ 40 ಡಿಗ್ರಿ ಸೆಲ್ಸಿಯಸ್ ದಾಟುವುದರಿಂದ ಕಾದ ಕಾಂಕ್ರೀಟಿನ ಮೇಲೆ ಮರಿ ಕಾಲಿಡಲಾರದು. ಬಾಡಿಗೆದಾರರೊಂದಿಗೆ ಮೆಟ್ಟಿಲು ಹಂಚಿಕೊಂಡಿರುವ ಮನೆಗಳಲ್ಲಿ ಮೊದಲೇ ಮಾತನಾಡಿಕೊಳ್ಳುವುದು ಒಳಿತು. ಬೆಕ್ಕಿನ ಕಾರಣದಿಂದ ಆರಂಭವಾಗುವ ಜಗಳ ಬೆಕ್ಕಿನಲ್ಲಿಗೇ ನಿಲ್ಲುವುದಿಲ್ಲ.

ಆಹಾರದ ಸಂಬಂಧ

ಎಷ್ಟೋ ಕಡೆ ತಟ್ಟೆಯ ವ್ಯವಸ್ಥೆ ಸರಿಯಿದ್ದರೂ ಮರಿ ಗಲೀಜು ಮಾಡುವುದು ನಿಲ್ಲುವುದಿಲ್ಲ. ಇಂತಹ ಸಂದರ್ಭದಲ್ಲಿ ಆಹಾರದ ಬಟ್ಟಲನ್ನು ಪರಿಶೀಲಿಸಬೇಕು. ತಾಯಿಹಾಲು ಬಿಟ್ಟ ಮರಿಗಳಲ್ಲಿ ಹಾಲಿನ ಸಕ್ಕರೆಯನ್ನು ಜೀರ್ಣಿಸುವ ಶಕ್ತಿ ಕುಂದುತ್ತದೆ. ಹಾಲಿನಲ್ಲಿ ರೊಟ್ಟಿ ಮುರಿದು ಹಾಕುವ ನಮ್ಮ ಭಾಗದ ಪದ್ಧತಿಯಿಂದ ಅನೇಕ ಮರಿಗಳಿಗೆ ಭೇದಿಯಾಗುತ್ತದೆ. ಭೇದಿಯಾದ ಮರಿ ತಟ್ಟೆಯವರೆಗೆ ತಲುಪಲಾರದು. ಹಾಲನ್ನು ನಿಲ್ಲಿಸಿ ಬೇಯಿಸಿದ ತತ್ತಿ, ಮೂಳೆ ತೆಗೆದ ಕೋಳಿಮಾಂಸ ಅಥವಾ ಮೀನನ್ನು ನೀಡಬಹುದು. ಸಸ್ಯಾಹಾರಿ ಕುಟುಂಬಗಳು ಮರಿಗಳಿಗಾಗಿಯೇ ತಯಾರಿಸಿದ ಪ್ಯಾಕೆಟ್ ಆಹಾರವನ್ನು ಬಳಸಬಹುದು. ಬೆಕ್ಕಿನ ಕಣ್ಣು ಮತ್ತು ಹೃದಯಕ್ಕೆ ಅತ್ಯಗತ್ಯವಾದ ಟಾರಿನ್ ಎಂಬ ಪೋಷಕಾಂಶ ರೊಟ್ಟಿ, ಅನ್ನಗಳಲ್ಲಿ ಇರುವುದಿಲ್ಲ. ಭೇದಿಯ ಜೊತೆಗೆ ವಾಂತಿ, ಮಂಕು ಕಂಡುಬಂದಲ್ಲಿ ಅದು ಪ್ಯಾನ್‌ಲ್ಯುಕೋಪೀನಿಯಾ ಎಂಬ ಮಾರಕ ವೈರಾಣು ರೋಗವಾಗಿರುವ ಸಾಧ್ಯತೆಯಿದ್ದು, ತಡಮಾಡದೆ ಪಶುವೈದ್ಯರಿಗೆ ತೋರಿಸತಕ್ಕದ್ದು.

ಸ್ವಚ್ಛತೆ ಮತ್ತು ಆರೋಗ್ಯ

ಮಲವನ್ನು ಮತ್ತು ಒದ್ದೆಯಾದ ಭಾಗವನ್ನು ಹಳೆಯ ಜಾಲರಿ ಸಟ್ಟುಗದಿಂದ ದಿನಕ್ಕೆ ಕನಿಷ್ಠ ಒಂದು ಬಾರಿ ತೆಗೆಯಬೇಕು. ವಾರಕ್ಕೊಮ್ಮೆ ತಟ್ಟೆಯನ್ನು ಸಾಬೂನಿನ ನೀರಿನಿಂದ ತೊಳೆದು ಬಿಸಿಲಿನಲ್ಲಿ ಒಣಗಿಸಬೇಕು. ನೀರಿನ ಅಭಾವವಿರುವ ದಿನಗಳಲ್ಲಿ ತಟ್ಟೆಯ ತಳಕ್ಕೆ ನಾಲ್ಕು ಪದರ ವೃತ್ತಪತ್ರಿಕೆ ಹಾಸಿದಲ್ಲಿ ಒಂದೆರಡು ತಂಬಿಗೆ ನೀರು ಸಾಕಾಗುತ್ತದೆ.

ತಟ್ಟೆಯನ್ನಾಗಲಿ, ಮರಿ ಗಲೀಜು ಮಾಡಿದ ನೆಲವನ್ನಾಗಲಿ ಫಿನಾಯಿಲ್‌ನಿಂದ ಒರೆಸಬಾರದು ಎಂಬುದನ್ನು ವಿಶೇಷವಾಗಿ ಗಮನಿಸಬೇಕು. ಫೀನಾಲ್ ಜಾತಿಯ ರಾಸಾಯನಿಕಗಳನ್ನು ಕರಗಿಸಿ ಹೊರಹಾಕುವ ಸಾಮರ್ಥ್ಯ ಬೆಕ್ಕಿನ ಯಕೃತ್ತಿಗೆ ಬಹಳ ಕಡಿಮೆ. ನೆಲದಿಂದ ಪಾದಕ್ಕೆ, ಪಾದದಿಂದ ನಾಲಿಗೆಗೆ ತಲುಪುವ ಅಲ್ಪ ಪ್ರಮಾಣವೂ ಮರಿಗೆ ವಿಷವಾಗಬಲ್ಲದು. ಇದೇ ಕಾರಣದಿಂದ ಮನುಷ್ಯರ ಪ್ಯಾರಾಸಿಟಮಾಲ್ ಮಾತ್ರೆಯನ್ನು ಬೆಕ್ಕಿಗೆ ಎಂದಿಗೂ ಕೊಡಬಾರದು, ಒಂದು ಮಾತ್ರೆಯೂ ಪ್ರಾಣ ತೆಗೆಯಬಲ್ಲದು. ಅಮೋನಿಯಾ ಇರುವ ದ್ರಾವಣಗಳ ವಾಸನೆ ಮೂತ್ರದ ವಾಸನೆಯನ್ನು ಹೋಲುವುದರಿಂದ ಮರಿಯನ್ನು ಮತ್ತೆ ಅದೇ ಸ್ಥಳಕ್ಕೆ ಕರೆಯುತ್ತವೆ. ಕಿಣ್ವಗಳಿರುವ ಬಟ್ಟೆ ತೊಳೆಯುವ ಪುಡಿಯನ್ನು ನೀರಿನಲ್ಲಿ ಕರಗಿಸಿ ತಿಕ್ಕಿ, ಬರೀ ನೀರಿನಿಂದ ಒರೆಸಿ ಒಣಗಿಸುವುದು ಪರಿಣಾಮಕಾರಿ. ಇಂಡಿ ಭಾಗದಲ್ಲಿ ನಿಂಬೆಹಣ್ಣು ಹೇರಳವಾಗಿರುವುದರಿಂದ ಅದರ ಸಿಪ್ಪೆಯಿಂದ ತಟ್ಟೆಯನ್ನು ಉಜ್ಜುವುದು ಸುಲಭವೆನಿಸಬಹುದು. ಆದರೆ ನಿಂಬೆಯ ವಾಸನೆಯನ್ನು ಬೆಕ್ಕು ಸಹಿಸುವುದಿಲ್ಲ ಮತ್ತು ಸಿಪ್ಪೆಯ ಎಣ್ಣೆ ಅದಕ್ಕೆ ಹಾನಿಕರ.

ಗಲೀಜು ಮಾಡಿದ ಮರಿಯ ಮೂತಿಯನ್ನು ಅದರಲ್ಲಿ ಉಜ್ಜುವುದು, ಹೊಡೆಯುವುದು ನಿಷ್ಪ್ರಯೋಜಕ. ಮರಿಗೆ ಅದರಿಂದ ತಿಳಿಯುವುದು ಮನುಷ್ಯರ ಕಣ್ಣಿಗೆ ಬೀಳದಂತೆ ಮಾಡಬೇಕೆಂಬುದು ಮಾತ್ರ. ಮುಂದೆ ಅದು ಕಪಾಟಿನ ಹಿಂದೆ ಹೋಗುತ್ತದೆ.

ಗರ್ಭಿಣಿಯರಿರುವ ಮನೆಗಳಲ್ಲಿ ಬೆಕ್ಕನ್ನು ಇಟ್ಟುಕೊಳ್ಳಬಾರದೆಂಬ ಭಾವನೆ ವ್ಯಾಪಕವಾಗಿದೆ. ಟೊಕ್ಸೊಪ್ಲಾಸ್ಮಾ ಎಂಬ ಪರೋಪಜೀವಿಯು ಬೆಕ್ಕಿನ ಮಲದ ಮೂಲಕ ಹರಡಿ ಗರ್ಭಸ್ಥ ಶಿಶುವಿಗೆ ತೊಂದರೆಯುಂಟುಮಾಡಬಲ್ಲದು ಎಂಬುದು ನಿಜ. ಆದರೆ ಮಲದಲ್ಲಿ ಹೊರಬಂದ ಅದರ ತತ್ತಿಗಳು ಸೋಂಕು ಹರಡುವ ಸ್ಥಿತಿಗೆ ಬರಲು 1ರಿಂದ 5 ದಿನ ಬೇಕು. ಬೆಕ್ಕು ಸಾಮಾನ್ಯವಾಗಿ ಮೊದಲ ಬಾರಿ ಸೋಂಕು ತಗುಲಿದಾಗ ಒಂದರಿಂದ ಮೂರು ವಾರಗಳಷ್ಟು ಕಾಲ ಮಾತ್ರ ಅವುಗಳನ್ನು ಹೊರಹಾಕುತ್ತದೆ. ಪ್ರತಿದಿನ ತಪ್ಪದೆ ಮಲವನ್ನು ತೆಗೆದಲ್ಲಿ ಅಪಾಯ ಬಹುಮಟ್ಟಿಗೆ ತಪ್ಪುತ್ತದೆ. ಈ ಕೆಲಸವನ್ನು ಗರ್ಭಿಣಿಯರ ಬದಲು ಮನೆಯ ಬೇರೆಯವರು ಮಾಡಬೇಕು ಮತ್ತು ನಂತರ ಸಾಬೂನಿನಿಂದ ಕೈ ತೊಳೆಯಬೇಕು. ಸರಿಯಾಗಿ ಬೇಯದ ಮಾಂಸ, ತೊಳೆಯದ ಸೊಪ್ಪು ತರಕಾರಿಗಳಿಂದಲೂ ಇದೇ ಸೋಂಕು ಬರುವುದರಿಂದ, ಬೆಕ್ಕನ್ನು ಮಾತ್ರ ಹೊರಹಾಕಿ ನಿಶ್ಚಿಂತರಾಗುವುದು ಸರಿಯಲ್ಲ. ತೆಗೆದ ಮಲವನ್ನು ಕಾಗದದಲ್ಲಿ ಸುತ್ತಿ ಸ್ಥಳೀಯ ಸಂಸ್ಥೆಯ ಕಸದ ವಾಹನಕ್ಕೆ ಕೊಡಬೇಕು, ಅಥವಾ ಬಾವಿ, ಕೊಳವೆಬಾವಿಗಳಿಂದ ದೂರದಲ್ಲಿ ಹೂಳಬೇಕು. ಕೈತೋಟದ ಗೊಬ್ಬರಕ್ಕೆ ಸೇರಿಸಬಾರದು. ಮರಳು ಅಥವಾ ಮಣ್ಣನ್ನು ಶೌಚಾಲಯಕ್ಕೆ ಸುರಿದಲ್ಲಿ ಮೇಲಿನ ಅಂತಸ್ತಿನ ಕೊಳವೆ ಕಟ್ಟಿಕೊಂಡು, ರಿಪೇರಿಯ ಖರ್ಚು ಬೆಕ್ಕಿನ ವರ್ಷದ ಖರ್ಚನ್ನು ಮೀರುವುದುಂಟು. ಮನೆ ಕಟ್ಟುತ್ತಿರುವವರು ಹೊರಗೆ ಹಾಕಿದ ಮರಳಿನ ರಾಶಿಯನ್ನು ತಾಡಪತ್ರಿಯಿಂದ ಮುಚ್ಚುವುದು ಅದರಲ್ಲಿ ಆಡುವ ಮಕ್ಕಳ ದೃಷ್ಟಿಯಿಂದ ಅವಶ್ಯಕ.

ಪಶುವೈದ್ಯರನ್ನು ಕಾಣಬೇಕಾದ ಸಂದರ್ಭಗಳು

ಸುಮಾರು ಆರು ತಿಂಗಳ ವಯಸ್ಸಿನಿಂದ ಗಂಡು ಬೆಕ್ಕು ಗೋಡೆ, ಬಾಗಿಲುಗಳಿಗೆ ಮೂತ್ರ ಸಿಂಪಡಿಸಲು ಆರಂಭಿಸಬಹುದು. ಇದು ಗಡಿ ಗುರುತಿಸುವ ಕ್ರಿಯೆಯಾದ್ದರಿಂದ ತಟ್ಟೆಯ ಅಭ್ಯಾಸದಿಂದ ನಿಲ್ಲುವುದಿಲ್ಲ. ನಾಲ್ಕರಿಂದ ಆರು ತಿಂಗಳಿನಲ್ಲಿ ಸಂತಾನಹರಣ ಶಸ್ತ್ರಚಿಕಿತ್ಸೆ ಮಾಡಿಸಿದಲ್ಲಿ ಬಹುತೇಕ ಬೆಕ್ಕುಗಳಲ್ಲಿ ಈ ತೊಂದರೆ ಕಾಣಿಸಿಕೊಳ್ಳುವುದಿಲ್ಲ. ಹೆಣ್ಣು ಬೆಕ್ಕಿಗೂ ಮಾಡಿಸಿದಲ್ಲಿ ಮುಂದೆ ತೊರೆಯಬೇಕಾದ ಮರಿಗಳ ಪ್ರಶ್ನೆಯೇ ಉದ್ಭವಿಸುವುದಿಲ್ಲ.

ತಟ್ಟೆಯನ್ನು ತಪ್ಪದೆ ಬಳಸುತ್ತಿದ್ದ ಗಂಡು ಬೆಕ್ಕು ಪದೇ ಪದೇ ತಟ್ಟೆಗೆ ಹೋಗಿ, ತಿಣುಕಿ, ಕೂಗಿ, ಮೂತ್ರ ಬಾರದೆ ಹಿಂದಿರುಗುತ್ತಿದ್ದಲ್ಲಿ ಅದನ್ನು ಮಲಬದ್ಧತೆಯೆಂದು ತಿಳಿದು ಮನೆಮದ್ದು ಮಾಡುತ್ತಾ ಕೂರಬಾರದು. ಮೂತ್ರನಾಳ ಕಟ್ಟಿಕೊಂಡಿದ್ದಲ್ಲಿ ಎರಡು ಮೂರು ದಿನಗಳಲ್ಲಿ ಸಾವು ಸಂಭವಿಸುತ್ತದೆ. ಅದೇ ದಿನ, ರಾತ್ರಿಯಾದಲ್ಲಿ ಮರುದಿನ ಬೆಳಿಗ್ಗೆಯೇ, ಹತ್ತಿರದ ಪಶು ಆಸ್ಪತ್ರೆಗೆ ತರಬೇಕು. ತರುವಾಗ ಗಾಳಿಯಾಡುವ ಬುಟ್ಟಿಯಲ್ಲಿ ಮುಚ್ಚಳ ಬಿಗಿದು ತರುವುದು, ಬೆಕ್ಕು ಕೊನೆಯ ಬಾರಿ ಮೂತ್ರ ವಿಸರ್ಜಿಸಿದ ಸಮಯ, ತಿಂದ ಆಹಾರ ಮತ್ತು ಹಾಕಿಸಿದ ಲಸಿಕೆಗಳ ವಿವರವನ್ನು ಚೀಟಿಯಲ್ಲಿ ಬರೆದು ತರುವುದು ಚಿಕಿತ್ಸೆಗೆ ಅನುಕೂಲ. ಮೂರು ತಿಂಗಳು ತುಂಬಿದ ಮರಿಗಳಿಗೆ ರೇಬೀಸ್ ಲಸಿಕೆಯನ್ನು, ಅದಕ್ಕೂ ಮೊದಲು ವೈದ್ಯರು ಸೂಚಿಸಿದ ಅವಧಿಗಳಲ್ಲಿ ಜಂತುನಾಶಕ ಔಷಧವನ್ನು ಕೊಡಿಸತಕ್ಕದ್ದು.